ಬೀಜದ ಕಾಯಿ

ನಮ್ಮ ಅಡುಗೆಮನೆಯನ್ನು ಸರಿಯಾಗಿ ನೋಡಬೇಕಾದರೆ ನೆಲದ ಮೇಲೆ ಅಂಗಾತ ಮಲಗಬೇಕಿತ್ತು. ಕೆಳಗೆ ನೋಡಲು ಹೆಚ್ಚೇನೂ ಇರಲಿಲ್ಲ. ಎರಡು ಒಲೆ, ಒಂದು ಅರೆಯುವ ಕಲ್ಲು, ಮೂಲೆಯಲ್ಲಿ ಉಪ್ಪುನೀರಿನ ಮಾವಿನಕಾಯಿ ತುಂಬಿದ ಭರಣಿ, ಅಷ್ಟೆ. ಸಂಪತ್ತೆಲ್ಲ ಮೇಲಿತ್ತು. ಹೊಗೆ ಹಿಡಿದು ಕರಿಯಾದ ಮಾಡಿನ ಪಕ್ಕಾಸುಗಳಿಗೆ, ಅಂದರೆ ಹೆಂಚು ಹೊರುವ ಮರದ ಪಟ್ಟಿಗಳಿಗೆ, ಬಾಳೆನಾರಿನ ಹಗ್ಗ ಕಟ್ಟಿ, ಒಂದೊಂದು ಹಗ್ಗದ ತುದಿಗೆ ತೊಟ್ಟಿಲಿನ ಹಾಗೆ ಕುಣಿಕೆ ಹಾಕಿ, ಒಂದೊಂದು ಕುಣಿಕೆಯಲ್ಲಿ ಒಂದೊಂದು ಸೌತೆಕಾಯಿ ಕೂರಿಸುತ್ತಿದ್ದರು. ಹಸಿಯಾಗಿ ತಿನ್ನುವ ಎಳೆ ಸೌತೆ ಅಲ್ಲ. ಹಳದಿ ಮೈಯ ಮೇಲೆ ಹಸಿರು ಪಟ್ಟೆ ಇರುವ, ಘಟ್ಟದ ಮೇಲಿನವರು ಮಂಗಳೂರು ಸೌತೆ ಎಂದು ಕರೆಯುವ ಸಾಂಬಾರಿನ ಕಾಯಿ. ಬೇಸಗೆಯಲ್ಲಿ ಗದ್ದೆಯಿಂದ ತಂದು ತೂಗಿಸಿದರೆ ಮಳೆಗಾಲ ಪೂರ್ತಿ ಕೆಡುವುದಿಲ್ಲ. ತರಕಾರಿ ಸಿಗದ ದಿನಗಳಲ್ಲಿ ಒಂದೊಂದಾಗಿ ಕೆಳಗಿಳಿಯುತ್ತದೆ. ನಮ್ಮ ಮನೆಯ ಸೌತೆಗೆ ಒಂದು ಗುರುತೂ ಇತ್ತು. ತೊಟ್ಟಿನ ಎದುರು ಬದಿಯಲ್ಲಿ, ಕಾಯಿಯ ಹೊಕ್ಕುಳಿನ ಸುತ್ತ, ಸುಣ್ಣದಲ್ಲಿ ಬರೆದಂಥ ಒಂದು ಬಿಳಿ ಉಂಗುರ. ಪೇಟೆಯಲ್ಲಿ ಸಿಗುವ ಯಾವ ಸೌತೆಗೂ ಅದು ಇರಲಿಲ್ಲ.

ಮನೆ ಇದ್ದದ್ದು ಕಾವೂರಿನಲ್ಲಿ, ಕೆರೆಯಿಂದ ಸ್ವಲ್ಪ ಮೇಲೆ. ಮನೆಯಲ್ಲಿ ಮೂವರೇ ಹೆಂಗಸರು: ಅಜ್ಜಿ, ಅಮ್ಮ, ಮತ್ತು ತಾನೂ ಹೆಂಗಸೆಂದೇ ತಿಳಿದಿದ್ದ ಒಂಬತ್ತು ವರ್ಷದ ನಾನು. ಅಪ್ಪ ಬೊಂಬಾಯಿಯ ಹೋಟೆಲಿನಲ್ಲಿದ್ದರು. ವರ್ಷಕ್ಕೊಮ್ಮೆ ನೆಂಟರ ಹಾಗೆ ಬಂದು, ನೆಂಟರ ಹಾಗೆ ಸಂಕೋಚಪಟ್ಟು ಹೋಗುತ್ತಿದ್ದರು. ಅಜ್ಜಿಯ ಮಗ, ಅಮ್ಮನ ಅಣ್ಣ, ನನ್ನ ಮಾವ, ಬಹ್ರೈನಿನಲ್ಲಿದ್ದರು. ಮನೆಯ ಹಿಂದೆ ನಮ್ಮದೇ ಎರಡು ಗದ್ದೆ. ಮಳೆಗಾಲದಲ್ಲಿ ಭತ್ತ, ಕೊಯ್ಲು ಮುಗಿದ ಮೇಲೆ ಸೌತೆ, ಅಲಸಂಡೆ, ಹರಿವೆ. ಹಿತ್ತಿಲಿನ ಮುರಕಲ್ಲಿನ ಗೋಡೆಯ ಆಚೆ ಬೀಫಾತುಮ್ಮನ ಮನೆ. ಅವರ ಗಂಡನಿಗೆ ಒಣಮೀನಿನ ಅಂಗಡಿ. ಗೋಡೆಯ ಮೇಲಿಂದ ಈಚೆಗೆ ಒಣ ಸಿಗಡಿ ಬರುತ್ತಿತ್ತು, ಆಚೆಗೆ ಸೌತೆಕಾಯಿ ಹೋಗುತ್ತಿತ್ತು. ಎರಡೂ ಸೇರಿದರೆ ಆಗುವ ಗಸಿಯ, ಅರೆದ ಮಸಾಲೆಯ ಗಟ್ಟಿ ಸಾರಿನ, ಪರಿಮಳ ಎರಡೂ ಮನೆಗಳಲ್ಲಿ ಒಂದೇ ದಿನ ಏಳುತ್ತಿತ್ತು. ಬೀಫಾತುಮ್ಮನ ಮಗಳು ಜೋಹರಾ ಶಾಲೆಯಲ್ಲಿ ನನ್ನ ಪಕ್ಕದಲ್ಲೇ ಕೂರುತ್ತಿದ್ದಳು. ನಾವು ಮಾತಾಡುತ್ತಿದ್ದದ್ದು ತುಳು. ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ.

ತೂಗುವ ಕಾಯಿಗಳಲ್ಲಿ ಒಂದನ್ನು ಮಾತ್ರ ಯಾರೂ ಮುಟ್ಟುವ ಹಾಗಿರಲಿಲ್ಲ. ಅಜ್ಜಿ ಅದನ್ನು ಬಳ್ಳಿಯಲ್ಲಿರುವಾಗಲೇ ಆರಿಸಿ, ತೊಟ್ಟಿಗೆ ಕೆಂಪು ನೂಲು ಕಟ್ಟಿ, ಎಲ್ಲದಕ್ಕಿಂತ ಕೊನೆಗೆ ಕೊಯ್ದು, ಒಲೆಯ ನೇರ ಮೇಲಿನ ಪಕ್ಕಾಸಿಗೆ ತೂಗಿಸುತ್ತಿದ್ದರು. ಅದು ಬೀಜದ ಕಾಯಿ. ಮುಂದಿನ ವರ್ಷದ ಗದ್ದೆ ಪೂರ್ತಿ ಅದರ ಹೊಟ್ಟೆಯೊಳಗೆ ಇತ್ತು. ಅಮ್ಮನಿಗೆ ಅಡುಗೆಗೆ ಎಷ್ಟೇ ತಾಪತ್ರಯವಾಗಲಿ, ಗಂಜಿಗೆ ಬರೀ ಉಪ್ಪು ನಂಚಿಕೊಳ್ಳುವ ದಿನ ಬರಲಿ, ಕಣ್ಣೆತ್ತಿ ಅದನ್ನು ನೋಡುವ ಹಾಗಿರಲಿಲ್ಲ. ಬಿತ್ತುವ ಹೊತ್ತಿಗೆ ಅಜ್ಜಿ ಅದನ್ನು ಒಡೆದು, ತಿರುಳು ತೊಳೆದು, ಬೀಜಕ್ಕೆ ಬೂದಿ ಹಚ್ಚಿ ಒಣಗಿಸುತ್ತಿದ್ದರು. ಕೇಳಿದವರಿಗೆಲ್ಲ ಒಂದೊಂದು ಹಿಡಿ ಕೊಡುತ್ತಿದ್ದರು. ಬೀಜ ಕಾದಿಡುವುದು ನಮ್ಮ ಮನೆಯ ಕೆಲಸವೆಂದು ಅವರು ಯಾರೂ ತಾವು ಇಡುತ್ತಿರಲಿಲ್ಲ, ಪ್ರತಿ ವರ್ಷ ನಮ್ಮಲ್ಲಿಗೇ ಬರುತ್ತಿದ್ದರು. ಬೀಜಕ್ಕೆ ಬೆಲೆ ಹೇಳುವ ಕ್ರಮವಿಲ್ಲ, ಪಡೆದವರು ಉಪಕಾರ ಎನ್ನುವ ಕ್ರಮವೂ ಇಲ್ಲ. ತೆಗೆದುಕೊಂಡವರು ತಮ್ಮ ಬಳ್ಳಿಯ ಮೊದಲ ಕಾಯಿಯನ್ನು ಬೀಜ ಕೊಟ್ಟ ಮನೆಗೆ ತಂದು ಒಪ್ಪಿಸಬೇಕು, ಅಷ್ಟೆ. ಬೇಸಗೆ ಶುರುವಾದರೆ ನಮ್ಮ ಜಗಲಿಯಲ್ಲಿ ಯಾರ್ಯಾರದೋ ಮನೆಯ ಮೊದಲ ಕಾಯಿಗಳು ಬಿಳಿ ಉಂಗುರ ತೋರಿಸಿಕೊಂಡು ಮಲಗಿರುತ್ತಿದ್ದವು.

ಆ ವರ್ಷ ಅಜ್ಜಿ ಬೀಜದ ಕಾಯಿಯನ್ನು ನನಗೆ ಒಪ್ಪಿಸಿದರು. ಒಂದೇ ಬದಿ ಊರಿ ಕೂತರೆ ಕಾಯಿ ಮೆತ್ತಗಾಗುತ್ತದೆ, ಹಾಗಾಗಿ ವಾರಕ್ಕೊಮ್ಮೆ ಅದನ್ನು ಕುಣಿಕೆಯೊಳಗೇ ಸ್ವಲ್ಪ ತಿರುಗಿಸಬೇಕು. ಅಜ್ಜಿಯ ಭುಜ ಅಷ್ಟು ಮೇಲೆ ಏಳುತ್ತಿರಲಿಲ್ಲ. ಶನಿವಾರ ಅರ್ಧ ದಿನದ ಶಾಲೆ ಮುಗಿಸಿ ಬಂದು, ಅರೆಯುವ ಕಲ್ಲಿನ ಮೇಲೆ ಮಣೆ ಇಟ್ಟು, ಮಣೆಯ ಮೇಲೆ ಹತ್ತಿ, ಒಣ ಬಟ್ಟೆಯಲ್ಲಿ ಮಸಿ ಒರೆಸಿ ತಿರುಗಿಸುವುದು ನನ್ನ ಕೆಲಸ.

"ಕೈ ಒದ್ದೆ ಉಂಟಾ ನೋಡು. ಒದ್ದೆ ಕೈ ತಾಗಿದ್ರೆ ಕೊಳೀತದೆ."

"ಇಲ್ಲ ಅಜ್ಜಿ, ಲಂಗಕ್ಕೆ ಒರೆಸಿದ್ದೇನೆ."

"ಇದು ನಿನ್ನ ಕಾಯಿ ಮಗಾ. ಇದಕ್ಕೆ ಎಂತಾದ್ರೂ ಆದ್ರೆ ನಾನು ನಿನ್ನನ್ನು ಕೇಳುದು."

ಆ ಮಾತು ನನ್ನ ತಲೆಗೆ ಏರಿತು ಎಂದರೆ ಸುಳ್ಳಲ್ಲ. ಜೋಹರಾಳ ಬಳಿ ಗದ್ದೆ ನನ್ನದೇ ಎಂಬ ಹಾಗೆ ಕೊಚ್ಚಿಕೊಂಡೆ. ರಾತ್ರಿ ಇಲಿ ಓಡಿದ ಸದ್ದಾದರೆ ಎದ್ದು ಕೂರುತ್ತಿದ್ದೆ. ಗಣಪತಿ ಹಬ್ಬಕ್ಕೆ ಹೊಸ ಅಂಗಿ ತರಲಿಲ್ಲವೆಂದು ಅಳುವವಳು ಆ ವರ್ಷ ಅಳಲಿಲ್ಲ. ನನಗೆ ಕಾಯಿ ಇತ್ತಲ್ಲ.

ಇಲ್ಲಿ ಒಂದು ತಪ್ಪೊಪ್ಪಿಗೆ ಆಗಬೇಕು. ನಾನು ಮೂವತ್ತು ವರ್ಷ ಮಕ್ಕಳಿಗೆ ಪಾಠ ಮಾಡಿದವಳು. ಈಗ ನಿವೃತ್ತಿಯ ನಂತರ ಶಾಲೆ, ಸಂಘ, ಮೇಳ ಎಂದು ಊರೂರು ತಿರುಗಿ, ನಮ್ಮ ಮಣ್ಣಿನ ತರಕಾರಿ ತಿನ್ನಿ, ಕುಚ್ಚಲಕ್ಕಿ ಬಿಡಬೇಡಿ, ಬೀಜ ಉಳಿಸಿ ಎಂದು ಗಂಟಲು ಹರಿದುಕೊಳ್ಳುತ್ತೇನೆ. ಹಿಂದಿನಿಂದ ಜನ ಸೌತೆಕಾಯಿ ಟೀಚರ್ ಎನ್ನುತ್ತಾರೆ; ಗೊತ್ತಿದೆ, ಬೇಸರವಿಲ್ಲ. ವೇದಿಕೆಯ ಮೇಲೆ ನಾನು ಹೇಳುವ ಅಜ್ಜಿ ಕಲ್ಲಿನಲ್ಲೇ ಅರೆದು, ಮಣ್ಣಿನ ಪಾತ್ರೆಯಲ್ಲೇ ಬೇಯಿಸಿ, ಪೇಟೆಯ ಸಾಮಾನನ್ನು ಹೊಸಿಲು ದಾಟಲು ಬಿಡದ ಗಟ್ಟಿಗಿತ್ತಿ. ನಿಜವಾದ ಅಜ್ಜಿ, ಮಾವ ಬಹ್ರೈನಿನಿಂದ ಮಿಕ್ಸಿ ತಂದ ದಿನ, ಮೊದಲ ಸಲ ಅದು ಗುರ್ ಎಂದಾಗ ಹೆದರಿ ಹಿಂದೆ ಸರಿದು, ಎರಡನೇ ಸಲಕ್ಕೆ ಅಮ್ಮನನ್ನು ಬದಿಗೆ ತಳ್ಳಿ ತಾವೇ ಗುಂಡಿ ಒತ್ತಿದವರು. "ನನ್ನ ಸೊಂಟ ನೋಡಿ ದೇವರೇ ಕಳಿಸಿದ್ದು ಮಾರಾಯ್ತಿ" ಎಂದು ಅದಕ್ಕೆ ಕುಂಕುಮ ಇಟ್ಟವರು. ಕಲ್ಲಿನಲ್ಲಿ ಅರೆದರೇ ರುಚಿ ಎಂದು ಜಗಳ ತೆಗೆದವಳು ಅಮ್ಮ. ಆ ಜಗಳ ಒಂದು ವಾರ ನಡೆದು, ಅಮ್ಮನೇ ಅರೆಯಬೇಕಾಗಿ ಬಂದ ಮೇಲೆ ನಿಂತಿತು. ಈ ಅಜ್ಜಿಯನ್ನು ನಾನು ಎಂದೂ ವೇದಿಕೆ ಹತ್ತಿಸಿದವಳಲ್ಲ. ಇದಕ್ಕಿಂತ ದೊಡ್ಡದೊಂದನ್ನೂ ಬಚ್ಚಿಟ್ಟಿದ್ದೆ. ಅದು ಆ ಶನಿವಾರದ್ದು.

ದೀಪಾವಳಿ ಕಳೆದು, ಭತ್ತದ ಕೊಯ್ಲು ಮುಗಿದು, ಸೌತೆ ಬಿತ್ತಲು ಎರಡು ವಾರವಷ್ಟೇ ಉಳಿದಿತ್ತು. ಮಾವ ರಜೆಯಲ್ಲಿ ಬಂದಿದ್ದರು. ನಾನು ಶಾಲೆಯಿಂದ ಬರುವಾಗ ಚಾವಡಿಯಲ್ಲಿ ಮಾವನ ಪಕ್ಕ ನೀಲಿ ಅಂಗಿಯ ಒಬ್ಬ ಗುರುತಿಲ್ಲದ ಮನುಷ್ಯ ಊಟಕ್ಕೆ ಕೂತಿದ್ದ. ಬಾಳೆಲೆ ಹಾಕಿತ್ತು. ವಾರದ ದಿನ ನಮ್ಮಲ್ಲಿ ಬಾಳೆಲೆ ಹಾಕುವುದೆಂದರೆ ಏನೋ ವಿಶೇಷ. ನನ್ನನ್ನು ಕೈಕಾಲು ತೊಳೆಸಿ ನೇರ ಅಲ್ಲೇ ಕೂರಿಸಿದರು, ಅಡುಗೆಮನೆಗೆ ಹೋಗಲು ಬಿಡಲಿಲ್ಲ. ಬಿಸಿ ಕುಚ್ಚಲಕ್ಕಿ ಅನ್ನ, ಮೇಲೆ ಒಣ ಸಿಗಡಿ ಹಾಕಿದ ಸೌತೆಕಾಯಿ ಗಸಿ. ತಿಂಗಳಾಗಿತ್ತು ಸೌತೆ ತಿಂದು, ತೂಗುಹಾಕಿದ್ದೆಲ್ಲ ಮುಗಿದಿತ್ತು. ಹಸಿದ ಹೊಟ್ಟೆ, ಎಲ್ಲಿಂದ ಬಂತು ಎಂದು ಕೇಳುವ ಬುದ್ಧಿ ಯಾರಿಗಿರುತ್ತದೆ! ಎರಡನೇ ಸಲ ಹಾಕಿಸಿಕೊಂಡೆ. ಬೆರಳು ಚೀಪಿದೆ. ನೀಲಿ ಅಂಗಿಯವನು ನಗುತ್ತ, "ಮಗುವಿಗೆ ಸೌತೆ ಅಂದ್ರೆ ಭಾರಿ ಇಷ್ಟ ಅಲ್ವಾ" ಎಂದ. ಅಜ್ಜಿ ನನ್ನ ಎಲೆಗೆ ಇನ್ನೊಂದು ಹೋಳು ಹಾಕಿದರು.

ಊಟವಾದ ಮೇಲೆ ಶನಿವಾರದ ಕೆಲಸ ನೆನಪಾಯಿತು. ಕೈಯನ್ನು ಲಂಗಕ್ಕೆ ಚೆನ್ನಾಗಿ ಒರೆಸಿಕೊಂಡೆ. ಕಲ್ಲಿನ ಮೇಲೆ ಮಣೆ ಇಟ್ಟು ಹತ್ತಿದೆ. ಕುಣಿಕೆ ಖಾಲಿ ಇತ್ತು. ಕೆಂಪು ನೂಲು ಒಲೆಕಟ್ಟೆಯ ಮೇಲೆ ಬಿದ್ದಿತ್ತು.

"ಅಜ್ಜೀ, ನನ್ನ ಕಾಯಿ?"

ಅಜ್ಜಿ ಪಾತ್ರೆ ತೊಳೆಯುತ್ತಿದ್ದರು. ತಿರುಗಲಿಲ್ಲ.

"ಕೊಯ್ದು ಆಯ್ತು ಮಗಾ."

"ಬೀಜ? ತಿರುಳು ಎಲ್ಲುಂಟು?"

"ದನದ ಬಾಲ್ದಿಗೆ ಹಾಕಿದೆ."

ದನದ ಹಟ್ಟಿಗೆ ಓಡಿದೆ. ಅಕ್ಕಿ ತೊಳೆದ ನೀರು, ಅನ್ನದ ಗಂಜಿ, ತರಕಾರಿ ಸಿಪ್ಪೆ ತುಂಬಿದ ಬಾಲ್ದಿಯಲ್ಲಿ ಮೊಣಕೈವರೆಗೆ ಕೈ ಹಾಕಿ ತಡಕಿದೆ. ಸಿಪ್ಪೆ ಸಿಕ್ಕಿತು. ಬಿಳಿ ಉಂಗುರದ ತುಂಡೂ ಸಿಕ್ಕಿತು. ಒಂದೇ ಒಂದು ಬೀಜ ಸಿಗಲಿಲ್ಲ. ದನ ತಿಂದಿತೆಂದುಕೊಂಡು ಆ ಪಾಪದ ದನದ ಮೂತಿಗೆ ಒಂದು ಹೊಡೆದೆ. ಅಮ್ಮ ಬಂದು ರಟ್ಟೆ ಹಿಡಿದು ಎಳೆದುಕೊಂಡು ಹೋದಳು. ಗದ್ದೆ ಮಾರಿದ ವಿಷಯ ಅಮ್ಮನ ಬಾಯಿಂದ ಬಂದದ್ದು ಆಗ, ಬಾವಿಕಟ್ಟೆಯಲ್ಲಿ ನನ್ನ ಕೈ ತೊಳೆಸುತ್ತ, ಸಾಬೂನು ತಾ ಎನ್ನುವಷ್ಟು ಸಾದಾ ದನಿಯಲ್ಲಿ. ಬೆಳಿಗ್ಗೆ ನಾನು ಶಾಲೆಯಲ್ಲಿ ಮಗ್ಗಿ ಹೇಳುತ್ತಿದ್ದಾಗ ಅಜ್ಜಿ ಸಹಿ ಹಾಕಿ ಬಂದಿದ್ದರು. ಮಾವನಿಗೆ ಊರಿನಲ್ಲಿ ಅಂಗಡಿ ಹಾಕಬೇಕಿತ್ತು. ನೀಲಿ ಅಂಗಿಯವನು ಗದ್ದೆಗೆ ಮಣ್ಣು ತುಂಬಿಸಿ ಸೈಟು ಮಾಡುವವನು. ಗದ್ದೆ ಇಲ್ಲದ ಮನೆಯಲ್ಲಿ ಬೀಜದ ಕಾಯಿ ತೂಗಬಾರದು, ಅದು ಅಜ್ಜಿಯ ಲೆಕ್ಕದಲ್ಲಿ ಅಪಶಕುನ. ಹಾಗಾಗಿ ಅವತ್ತೇ ಮಾವನಿಂದ ಇಳಿಸಿಕೊಂಡು, ಕೊಯ್ದು, ಎಲ್ಲರಿಗೂ ಬಡಿಸಿದರು.

ಗದ್ದೆಯ ಮೇಲೆ ಅಜ್ಜಿಗೆ ಹಕ್ಕಿತ್ತು, ಮಾರಿದರು. ದೊಡ್ಡವರ ವ್ಯವಹಾರ, ಚಿಕ್ಕವಳನ್ನು ಕೇಳಬೇಕಾಗಿಲ್ಲ, ಒಪ್ಪುತ್ತೇನೆ. ಆದರೆ ಕಾಯಿ ನನ್ನದೆಂದು ಹೇಳಿದವರು ಅವರೇ. ಅದನ್ನು ನನಗೇ ತಿನ್ನಿಸಿದರು, ನಾನು ರುಚಿಯಾಗಿದೆ ಎನ್ನುವಾಗ ಸುಮ್ಮನಿದ್ದರು. ಆ ಎಲೆಯ ಸುತ್ತ ಕೂತವರಿಗೆಲ್ಲ ಗೊತ್ತಿತ್ತು. ಗೊತ್ತಿಲ್ಲದವಳು ನಾನೊಬ್ಬಳೇ. ಆ ಸಂಜೆ ನಾನು ಬಚ್ಚಲಿಗೆ ಹೋಗಿ ಗಂಟಲಿಗೆ ಬೆರಳು ಹಾಕಿ ನೋಡಿದೆ, ಏನೂ ಬರಲಿಲ್ಲ.

ಒಂಬತ್ತರ ಹುಡುಗಿ ಯಾರ ಮೇಲೆ ಹೇಗೆ ಸೇಡು ತೀರಿಸಿಕೊಳ್ಳಬಹುದು? ನಾನು ಸೌತೆಕಾಯಿ ಬಿಟ್ಟೆ. ಇನ್ನು ನಮ್ಮ ಮನೆಗೆ ಬರುವುದೆಲ್ಲ ಪೇಟೆಯದ್ದು, ಪೇಟೆಯದ್ದು ನನಗೆ ಬೇಡ ಎಂದೆ. ತಟ್ಟೆಗೆ ಬಿದ್ದರೆ ಒಂದೊಂದೇ ಹೋಳನ್ನು ಅಂಚಿಗೆ ತಳ್ಳಿ ಸಾಲಾಗಿ ಕೂರಿಸುತ್ತಿದ್ದೆ, ಎಲ್ಲರಿಗೂ ಕಾಣುವ ಹಾಗೆ. ಅಮ್ಮ ಬೈದಳು, ಹೊಡೆದಳು, ಕೊನೆಗೆ ಸುಸ್ತಾಗಿ ಬಿಟ್ಟಳು. ಅಜ್ಜಿ ಒಮ್ಮೆಯೂ ಬೈಯಲಿಲ್ಲ. ವರ್ಷಕ್ಕೊಂದು ಸಲ, ಬೇಸಗೆಯ ಶುರುವಿನಲ್ಲಿ, ತಾವೇ ಒಲೆಯ ಮುಂದೆ ಕೂತು ಸೌತೆಕಾಯಿ ಗಸಿ ಮಾಡಿ ನನ್ನ ತಟ್ಟೆಗೆ ಬಡಿಸಿ ಎದುರು ಕೂರುತ್ತಿದ್ದರು.

"ಒಂದು ತುಂಡು ತಿಂದು ನೋಡು ಮಗಾ."

"ಪೇಟೆಯದ್ದು ನನಗೆ ಬೇಡ."

"ಒಂದೇ ತುಂಡು."

ನಾನು ಅಂಚಿಗೆ ತಳ್ಳುತ್ತಿದ್ದೆ. ಅವರು ಸ್ವಲ್ಪ ಹೊತ್ತು ಕೂತು, ತಟ್ಟೆ ಎತ್ತಿಕೊಂಡು ಹೋಗಿ, ಆ ಹೋಳುಗಳನ್ನು ತಾವೇ ತಿನ್ನುತ್ತಿದ್ದರು. ಹೀಗೆ ಎಂಟು ವರ್ಷ. ಎಂಟನೆಯ ವರ್ಷ ನಾನು ಪಿಯುಸಿಯಲ್ಲಿದ್ದೆ. ಆ ಮಳೆಗಾಲದಲ್ಲಿ ಅಜ್ಜಿ ತೀರಿಕೊಂಡರು. ನನ್ನ ಹಟವೇ ಗೆದ್ದಿತು ಎಂಬ ಒಂದು ಕೆಟ್ಟ ಸಮಾಧಾನ ಅಳುವಿನ ಒಳಗೂ ಇತ್ತು, ಬರೆಯಲು ನಾಚಿಕೆಯಾಗುತ್ತದೆ.

ಆ ಹಟದಿಂದಲೇ ನಾನು ಇವತ್ತಿನ ನಾನಾದೆ. ಮಕ್ಕಳ ಮುಂದೆ ನಿಂತು ಹೇಳುತ್ತಿದ್ದೆ: ಪೇಟೆ ಬಂತು, ಗದ್ದೆ ಹೋಯಿತು, ಗದ್ದೆಯ ಹಿಂದೆ ಬೀಜ ಹೋಯಿತು, ಬಿಳಿ ಉಂಗುರದ ಸೌತೆಯನ್ನು ಇನ್ನು ಯಾರೂ ನೋಡುವುದಿಲ್ಲ. ನನ್ನ ಅಜ್ಜಿ ಬೀಜದ ಕಾಯಿಯನ್ನು ಯಾರಿಗೂ ಮುಟ್ಟಲು ಬಿಡುತ್ತಿರಲಿಲ್ಲ, ನೀವೂ ಬಿಡಬೇಡಿ. ಕೊಯ್ದ ಕೈ ಯಾರದ್ದೆಂದು ಹೇಳುತ್ತಿರಲಿಲ್ಲ. ಅಷ್ಟು ಮಟ್ಟಿಗೆ ಅಜ್ಜಿಯನ್ನು ಕಾಪಾಡಿದ್ದೇನೆ ಎಂದು ನನಗೆ ನಾನೇ ದೊಡ್ಡವಳಾಗಿ ಕಾಣುತ್ತಿದ್ದೆ.

ಹೋದ ಬೇಸಗೆ ಬಿಕರ್ನಕಟ್ಟೆಯ ಒಂದು ಸಭಾಂಗಣದಲ್ಲಿ ಊರಿನ ತರಕಾರಿಗಳ ಮೇಳ. ಇದೇ ಭಾಷಣ ಮಾಡಿ, ಚಪ್ಪಾಳೆ ತಟ್ಟಿಸಿಕೊಂಡು ಕೆಳಗಿಳಿದೆ. ಮೇಜುಗಳನ್ನು ನೋಡುತ್ತ ಬರುವಾಗ ಒಂದು ಮೇಜಿನ ಮೇಲೆ ಗೋಣಿ ಹಾಸಿ ಸೌತೆಕಾಯಿ ಇಟ್ಟಿದ್ದರು. ಒಂದನ್ನು ಸುಮ್ಮನೆ ಎತ್ತಿ ಬುಡ ತಿರುಗಿಸಿದೆ. ಬಿಳಿ ಉಂಗುರ. ಇನ್ನೊಂದು ಎತ್ತಿದೆ, ಅದರಲ್ಲೂ. ಮೇಜಿನ ಹಿಂದೆ ಕೂತಿದ್ದ ಹೆಂಗಸು ಶಾಲು ಸರಿಮಾಡಿಕೊಂಡು ಎದ್ದು ನಿಂತಳು. ಜೋಹರಾ. ಮದುವೆಯಾಗಿ ಬಜಪೆಗೆ ಹೋದ ಮೇಲೆ ನಾವು ಮದುವೆ ಮುಂಜಿಗಳಲ್ಲಿ ಸಿಕ್ಕು ನಕ್ಕದ್ದಷ್ಟೇ.

"ಇದು ನಿನಗೆ ಎಲ್ಲಿಂದ ಸಿಕ್ಕಿತು?"

"ನಿನ್ನ ಭಾಷಣ ಕೇಳಿದೆ ಶಶಿ. ಬೀಜ ಹೋಯ್ತು ಅಂತ ಹೇಳಿದೆಯಲ್ಲ, ನನಗೆ ಕೂತಲ್ಲಿ ಕೂರ್ಲಿಕ್ಕೆ ಆಗ್ಲಿಲ್ಲ."

"ಎಲ್ಲಿಂದ, ಜೋಹರಾ?"

"ನಿಮ್ಮ ಅಜ್ಜಿ ಕೊಟ್ಟದ್ದು. ಗದ್ದೆ ಮಾರಿದ ದಿನವೇ. ಬಾಳೆಲೆಯಲ್ಲಿ ತಿರುಳು ಕಟ್ಟಿ ಗೋಡೆಯ ಮೇಲಿಂದ ನನ್ನ ಉಮ್ಮನ ಕೈಗೆ ಕೊಟ್ರು. ನಮಗೆ ಗದ್ದೆ ಎಲ್ಲುಂಟು? ಉಮ್ಮ ಬಚ್ಚಲ ಹಿಂದೆ, ನೀರು ಹೋಗುವಲ್ಲಿ ಹಾಕಿದ್ರು. ಆಮೇಲೆ ನಾನು ಬಜಪೆಗೆ ತಗೊಂಡು ಹೋದೆ."

ಅವರ ಬಚ್ಚಲ ಹಿಂದೆ ನಾನು ಆಮೇಲೆ ಹೋದದ್ದೇ ಇಲ್ಲ. ಅಲ್ಲಿ ಹಾವಿನ ಹುತ್ತ ಎದ್ದಿದೆ ಎಂದು ಜೋಹರಾ ಹೇಳಿದ್ದಳು.

"ಹಾವು?"

"ಹಾವು ಎಲ್ಲಿಂದ ಮಾರಾಯ್ತಿ! ಉಮ್ಮ ಹಾಗೆ ಹೇಳ್ಲಿಕ್ಕೆ ಹೇಳಿದ್ದು."

ನಾನು ನಗಬೇಕಿತ್ತು. ನಮ್ಮ ಬೀಜ ಉಳಿದಿದೆ, ಹತ್ತಡಿ ಜಾಗದ ಬಚ್ಚಲ ನೀರಿನಲ್ಲಿ ಬದುಕಿ ಬಂದಿದೆ. ಇದಕ್ಕಿಂತ ದೊಡ್ಡ ಸುದ್ದಿ ಸೌತೆಕಾಯಿ ಟೀಚರಿಗೆ ಏನಿರಲು ಸಾಧ್ಯ? ಆದರೆ ನಾನು ನೋಡುತ್ತಿದ್ದದ್ದು ಜೋಹರಾಳನ್ನು. ಒಂದೇ ಬೆಂಚಿನಲ್ಲಿ ಕೂತವಳು, ನನ್ನ ತಿಂಡಿಯಲ್ಲಿ ಪಾಲು ತಿಂದವಳು ಇವಳು.

"ನನಗೆ ಯಾಕೆ ಹೇಳ್ಲಿಲ್ಲ?"

"ನಿಮ್ಮ ಅಜ್ಜಿ ಆಣೆ ಹಾಕಿಸಿದ್ರು. ಶಶಿಯ ಕೈಗೆ ಬೀಜ ಸಿಕ್ಕಿದ್ರೆ ಗದ್ದೆ ಎಲ್ಲಿ ಅಂತ ಕೇಳ್ತಾಳೆ, ಅದಕ್ಕೆ ನನ್ನ ಹತ್ರ ಉತ್ತರ ಇಲ್ಲ ಬೀಫಾತು, ಅಂತ ಹೇಳಿದ್ರಂತೆ. ನಿನ್ನ ಅಮ್ಮನಿಗೂ ಗೊತ್ತಿತ್ತು."

ನಾನು ಕೈಯಲ್ಲಿದ್ದ ಕಾಯಿಯನ್ನು ಗೋಣಿಯ ಮೇಲೆ ಇಟ್ಟೆ. ಆಮೇಲೆ ಜೋಹರಾ, ಸಮಾಧಾನ ಮಾಡಲು ಎಂಬ ಹಾಗೆ, ಹೇಳಿದಳು:

"ಆದ್ರೆ ನಾವು ಕ್ರಮ ತಪ್ಪಿಸ್ಲಿಲ್ಲ ಆಯ್ತಾ. ನಿಮ್ಮ ಅಜ್ಜಿ ಇರುವ ತನಕ ಪ್ರತಿ ವರ್ಷ ಮೊದಲನೇ ಕಾಯಿ ನಿಮ್ಮ ಮನೆಗೇ. ನೀನು ಶಾಲೆಗೆ ಹೋದಾಗ ನಿಮ್ಮ ಅಜ್ಜಿಯೇ ಗೋಡೆ ಹತ್ರ ಬಂದು ತಗೊಳ್ತಿದ್ರು. ನೀನು ತಿಂದಿದ್ದಿಯಲ್ಲ, ಪ್ರತಿ ವರ್ಷ."

ನನಗೆ ತಿಳಿಯಿತು. ಬೇಸಗೆಯ ಶುರು. ಒಲೆಯ ಮುಂದೆ ಕೂತ ಅಜ್ಜಿ. ಒಂದೇ ತುಂಡು ಮಗಾ. ಎಂಟು ವರ್ಷ ನಾನು ತಟ್ಟೆಯ ಅಂಚಿಗೆ ತಳ್ಳಿದ್ದು ನನ್ನದೇ ಕಾಯಿಯನ್ನು.

ಗದ್ದೆ ಮಾರಿದ್ದನ್ನು ನಾನು ಕ್ಷಮಿಸಿ ಎಷ್ಟೋ ಕಾಲವಾಯಿತು. ಆ ಶನಿವಾರದ ಊಟವನ್ನೂ ಇವತ್ತು ಕ್ಷಮಿಸಬಲ್ಲೆ. ಆದರೆ ಎದುರು ಕೂತು, ನನ್ನ ಮುಖ ನೋಡುತ್ತ, ಇದು ಪೇಟೆಯದ್ದಲ್ಲ ಎಂಬ ಒಂದು ಮಾತನ್ನು ನುಂಗಿದರಲ್ಲ, ಅದನ್ನು ಕ್ಷಮಿಸಲು ಆಗುವುದಿಲ್ಲ. ಹೇಳಿದ್ದರೆ ನಾನು ತಿನ್ನುತ್ತಿದ್ದೆ. ಅತ್ತು, ಕೂಗಾಡಿ, ಗದ್ದೆ ಎಲ್ಲಿ ಎಂದು ನೂರು ಸಲ ಕೇಳಿ, ಆಮೇಲೆ ತಿನ್ನುತ್ತಿದ್ದೆ. ಉತ್ತರವಿಲ್ಲದ ಒಂದು ಪ್ರಶ್ನೆಗೆ ಹೆದರಿ ಅವರು ನನ್ನನ್ನು ಎಂಟು ವರ್ಷ ಎದುರಿಗಿಟ್ಟುಕೊಂಡೇ ದೂರ ಮಾಡಿದರು. ಅಮ್ಮನೂ ಹೋಗಿ ಆಗಿದೆ. ಇನ್ನು ಜಗಳವಾಡಲು ಯಾರೂ ಉಳಿದಿಲ್ಲ.

ಜೋಹರಾ ಒಂದು ಕಾಯಿಯನ್ನು ನನ್ನ ಚೀಲಕ್ಕೆ ಹಾಕಿದಳು. ನಾನು ಇರುವುದು ಮೂರನೇ ಮಾಳಿಗೆಯ ಫ್ಲ್ಯಾಟಿನಲ್ಲಿ. ಮಾಡಿಲ್ಲ, ಪಕ್ಕಾಸಿಲ್ಲ, ಬಾಲ್ಕನಿಯಲ್ಲಿ ಬಟ್ಟೆ ಒಣಗಿಸುವ ಕೊಕ್ಕೆ ಇದೆ. ಎರಡು ದಿನ ಅಲ್ಲಿ ನೈಲಾನ್ ಹಗ್ಗದಲ್ಲಿ ತೂಗಿಸಿ ನೋಡಿದೆ. ಮೂರನೇ ದಿನ ಬೆಳಿಗ್ಗೆ ಕಾಫಿ ಕುಡಿಯುತ್ತ ಅದನ್ನೇ ನೋಡುತ್ತಿದ್ದಾಗ ಬಾಯಿಂದ ತಾನಾಗಿ ಬಂತು: ಗದ್ದೆ ಎಲ್ಲಿ? ಅಜ್ಜಿ ನನ್ನನ್ನು ಸರಿಯಾಗಿಯೇ ಬಲ್ಲವರು. ಇಳಿಸಿ ಕೊಯ್ದೆ. ಒಣ ಸಿಗಡಿ ಹಾಕಿ ಗಸಿ ಮಾಡಿದೆ. ಮಸಾಲೆ ಮಿಕ್ಸಿಯಲ್ಲೇ ಅರೆದೆ. ತಟ್ಟೆಗೆ ಹಾಕಿಕೊಂಡು ಕೂತಾಗ ಬೆರಳು ಅಭ್ಯಾಸದಿಂದ ಮೊದಲ ಹೋಳನ್ನು ಅಂಚಿಗೆ ತಳ್ಳಿತು. ಅದನ್ನು ವಾಪಸು ತಂದು ತಿಂದೆ. ಎರಡನೇ ಸಲವೂ ಹಾಕಿಕೊಂಡೆ. ತಿನ್ನುತ್ತ ಅತ್ತುಬಿಟ್ಟೆ.

ತಿರುಳನ್ನು ಬಾಳೆಲೆಯಲ್ಲಿ ಕಟ್ಟಿ, ಸ್ಟೀಲಿನ ಡಬ್ಬಿಯಲ್ಲಿಟ್ಟು, ಮಧ್ಯಾಹ್ನದ ಬಸ್ಸಿನಲ್ಲಿ ಬಜಪೆಗೆ ಹೋದೆ. ಜೋಹರಾ ಗೇಟಿನ ಹತ್ತಿರವೇ ಸಿಕ್ಕಿದಳು. ಡಬ್ಬಿ ಕೈಗಿಟ್ಟೆ. ಅವಳು ಮುಚ್ಚಳ ತೆರೆದು ನೋಡಿ, ನನ್ನ ಮುಖ ನೋಡಿದಳು. ಉಪಕಾರ ಎನ್ನಲಿಲ್ಲ.

"ಈಗ ನೀನೂ ಆಣೆ ಹಾಕಿಸ್ತಿಯಾ, ಯಾರಿಗೂ ಹೇಳ್ಬೇಡ ಅಂತ?"

"ಎಲ್ಲರಿಗೂ ಹೇಳು," ಎಂದೆ. "ಮೊದಲನೇ ಕಾಯಿ ನನ್ನ ಮನೆಗೆ ತಾ. ತಂದು, ಇದು ನಿನ್ನದು ಶಶಿ ಅಂತ ಬಾಯಿ ಬಿಟ್ಟು ಹೇಳಿ ಕೊಡು."